ರಿಪಬ್ಲಿಕನ್ನರ ರಾಜ್ಯದಲ್ಲಿ ಸರ್ಕಾರಿ ಬ್ಯಾಂಕು: ನಾರ್ತ್ ಡಕೋಟಾದ ಕಥೆ

ಪ್ರಶ್ನೆ: ಮಗಳು ಅಮೆರಿಕದ ನಾರ್ತ್ ಡಕೋಟಾ ರಾಜ್ಯದ ಫಾರ್ಗೊದಲ್ಲಿ ಓದುತ್ತಿದ್ದಾಳೆ. ಅಲ್ಲಿ ರಾಜ್ಯ ಸರ್ಕಾರವೇ ಒಂದು ಬ್ಯಾಂಕು, ಒಂದು ಹಿಟ್ಟಿನ ಗಿರಣಿ ನಡೆಸುತ್ತದಂತೆ. ಆದರೆ ಚುನಾವಣೆ ಬಂದರೆ ಜನ ರಿಪಬ್ಲಿಕನ್ ಪಕ್ಷಕ್ಕೇ ಓಟು ಹಾಕುತ್ತಾರೆ. ಎಲ್ಲವೂ ಖಾಸಗಿಯವರ ಕೈಲೇ ಇರಬೇಕು ಅನ್ನುವ ಪಕ್ಷ ಅಲ್ವಾ ಅದು? ಇವೆರಡೂ ಒಂದೇ ಕಡೆ ಹೇಗೆ ಉಳಿದವು? ಬೇರೆ ರಾಜ್ಯಗಳು ಯಾಕೆ ಹೀಗೆ ಮಾಡಲಿಲ್ಲ?

ಉತ್ತರ: ಮಗಳು ಹೇಳಿದ್ದು ನಿಜ. ಬ್ಯಾಂಕ್ ಆಫ್ ನಾರ್ತ್ ಡಕೋಟಾ 1919ರಿಂದ ರಾಜಧಾನಿ ಬಿಸ್ಮಾರ್ಕ್‌ನಲ್ಲಿ ನಡೆಯುತ್ತಿದೆ. ಗಿರಣಿ 1922ರಿಂದ ಗ್ರ್ಯಾಂಡ್ ಫೋರ್ಕ್ಸ್‌ನಲ್ಲಿದೆ. ಎರಡಕ್ಕೂ ರಾಜ್ಯ ಸರ್ಕಾರವೇ ಮಾಲೀಕ. ಇನ್ನೊಂದು ಕಡೆ, ಅಧ್ಯಕ್ಷರ ಚುನಾವಣೆಯಲ್ಲಿ ಈ ರಾಜ್ಯ ಡೆಮಾಕ್ರಟಿಕ್ ಪಕ್ಷವನ್ನು ಗೆಲ್ಲಿಸಿದ್ದು ಈವರೆಗೆ ಐದೇ ಸಲ: 1912, 1916, 1932, 1936 ಮತ್ತು 1964. ಈಚಿನ ಚುನಾವಣೆಗಳಲ್ಲಂತೂ ಮೂರರಲ್ಲಿ ಎರಡು ಪಾಲು ಓಟು ರಿಪಬ್ಲಿಕನ್ನರಿಗೆ.

ಎಡ, ಬಲ ಎಂಬ ಲೆಕ್ಕದಲ್ಲಿ ನೋಡಿದರೆ ಇದು ಒಗಟೇ. ಆದರೆ ಬ್ಯಾಂಕು ಕಟ್ಟಿದ ರೈತರ ತಲೆಯಲ್ಲಿ ಆ ಲೆಕ್ಕ ಇರಲಿಲ್ಲ. ಅವರಿಗಿದ್ದ ಪ್ರಶ್ನೆ ಒಂದೇ. ನಾವು ಬೆಳೆದ ಗೋಧಿಯ ದುಡ್ಡು ನಮ್ಮ ರಾಜ್ಯದಲ್ಲಿ ಉಳಿಯುತ್ತದೋ, ಪಕ್ಕದ ಮಿನೆಸೋಟ ರಾಜ್ಯದ ದೊಡ್ಡ ಊರಾದ ಮಿನಿಯಾಪೊಲಿಸ್‌ಗೆ ಹೋಗುತ್ತದೋ? ಈ ರಾಜ್ಯದ ರಾಜಕೀಯವೆಲ್ಲ ನಮ್ಮವರು ಮತ್ತು ಹೊರಗಿನವರು ಎಂಬ ಗೆರೆಯ ಮೇಲೆ ನಡೆದಿದೆ ಅನ್ನುವುದು ನನ್ನ ಅಭಿಪ್ರಾಯ. ಆ ಗೆರೆ ಎಲ್ಲಿಂದ ಬಂತು ಅಂತ ಮೊದಲು ಹೇಳಬೇಕು.

ಈ ನಾಡನ್ನು ವಲಸಿಗರಿಗೆ ತೆರೆದದ್ದು ರೈಲು. ನಾರ್ದರ್ನ್ ಪೆಸಿಫಿಕ್ ಕಂಪನಿ 1872ರಲ್ಲಿ ಫಾರ್ಗೊಗೆ, 1873ರಲ್ಲಿ ಬಿಸ್ಮಾರ್ಕ್‌ಗೆ ಹಳಿ ಹಾಕಿತು. ಹಳಿ ಹಾಕಿದ್ದಕ್ಕೆ ಪ್ರತಿಯಾಗಿ ಅಮೆರಿಕದ ಸಂಸತ್ತು ಅದಕ್ಕೆ ಭೂಮಿ ಕೊಟ್ಟಿತು. ಈಗಿನ ನಾರ್ತ್ ಡಕೋಟಾದ ಸುಮಾರು ನಾಲ್ಕನೇ ಒಂದು ಭಾಗ ಹಾಗೆ ಕಂಪನಿಯ ಪಾಲಾಯಿತು. ರಾಜಧಾನಿಗೆ ಬಿಸ್ಮಾರ್ಕ್ ಎಂಬ ಹೆಸರಿಟ್ಟದ್ದೂ ಜರ್ಮನಿಯ ಚಾನ್ಸಲರ್ ಹೆಸರು ಕಂಡು ಅಲ್ಲಿನ ಹಣವಂತರು ದುಡ್ಡು ಹಾಕಲಿ ಅಂತ. ಊರು ಹುಟ್ಟುವ ಮೊದಲೇ ಹೂಡಿಕೆದಾರರನ್ನು ಓಲೈಸುವ ಕೆಲಸ ಶುರುವಾಗಿತ್ತು ಅನ್ನಿ.

1889ರ ನವೆಂಬರ್ 2ರಂದು ಉತ್ತರ ಮತ್ತು ದಕ್ಷಿಣ ಡಕೋಟಾ ಒಂದೇ ದಿನ ರಾಜ್ಯಗಳಾದವು. ಯಾವುದು ಮೊದಲು ಎಂಬ ಜಗಳ ಬೇಡ ಅಂತ ಅಧ್ಯಕ್ಷ ಬೆಂಜಮಿನ್ ಹ್ಯಾರಿಸನ್ ಕಾಗದಗಳನ್ನು ಕಲಸಿ, ಹೆಸರು ಕಾಣದ ಹಾಗೆ ಸಹಿ ಹಾಕಿದರು. ವರ್ಣಮಾಲೆಯ ಕ್ರಮದಲ್ಲಿ ಉತ್ತರಕ್ಕೆ 39ನೇ ಸ್ಥಾನ ಸಿಕ್ಕಿತು. ಹೊಸ ರಾಜ್ಯದ ರಾಜಕೀಯದ ಹಗ್ಗ ಮಾತ್ರ ಅಲೆಕ್ಸಾಂಡರ್ ಮೆಕೆಂಜಿ ಎಂಬಾತನ ಕೈಯಲ್ಲಿತ್ತು. ಈತ ರೈಲು ಕಂಪನಿಗಳ ಮನುಷ್ಯ. ದೊಡ್ಡ ಹುದ್ದೆಯೇನೂ ಇಲ್ಲ. ಪಕ್ಕದ ಮಿನೆಸೋಟ ರಾಜ್ಯದ ಸೇಂಟ್ ಪಾಲ್‌ನ ಹೋಟೆಲಿನಲ್ಲಿ ಕೂತುಕೊಂಡೇ ಯಾರು ಸೆನೆಟರ್, ಯಾರು ಗವರ್ನರ್ ಅಂತ ತೀರ್ಮಾನಿಸುತ್ತಿದ್ದ. ಪಕ್ಷ ರಿಪಬ್ಲಿಕನ್. ಬೇರೆ ಪಕ್ಷ ಇದ್ದೂ ಇಲ್ಲದ ಹಾಗೆ.

ಜನ ಯಾರು? ನಾರ್ವೆಯಿಂದ ಬಂದವರು ಜಾಸ್ತಿ. ಇನ್ನೊಂದು ದೊಡ್ಡ ಗುಂಪು ರಷ್ಯಾದ ಜರ್ಮನರು. ರಾಣಿ ಕ್ಯಾಥರೀನ್ ಕರೆದಳು ಅಂತ ಇವರ ಹಿರಿಯರು ಜರ್ಮನಿಯಿಂದ ರಷ್ಯಾಕ್ಕೆ ಹೋಗಿದ್ದರು. ಕೊಟ್ಟ ಸವಲತ್ತುಗಳನ್ನು ಮುಂದಿನ ದೊರೆಗಳು ಕಿತ್ತುಕೊಂಡಾಗ ಅಮೆರಿಕಕ್ಕೆ ಬಂದರು. 1910ರಲ್ಲಿ ಇಲ್ಲಿನ ನೂರು ಜನರಲ್ಲಿ ಎಪ್ಪತ್ತಕ್ಕೂ ಹೆಚ್ಚು ಮಂದಿ ಹೊರದೇಶದಲ್ಲಿ ಹುಟ್ಟಿದವರು ಅಥವಾ ಅಂಥವರ ಮಕ್ಕಳು. ನಾರ್ವೆಯವರು ಸಹಕಾರ ಸಂಘ ಕಟ್ಟುವುದರಲ್ಲಿ ಪಳಗಿದವರು. ರಷ್ಯಾದ ಜರ್ಮನರು ಯಾವ ಸರ್ಕಾರವನ್ನೂ ಸುಲಭಕ್ಕೆ ನಂಬದವರು. ಈ ಎರಡು ಸ್ವಭಾವಗಳನ್ನು ನೆನಪಿನಲ್ಲಿಡಿ, ಮುಂದೆ ಬೇಕಾಗುತ್ತವೆ.

ಇವರೆಲ್ಲ ಬೆಳೆದದ್ದು ಗೋಧಿ. ರೈಲು ನಿಲ್ದಾಣದ ಪಕ್ಕ ಎತ್ತರದ ಎಲಿವೇಟರ್, ಅಂದರೆ ಧಾನ್ಯದ ಗೋದಾಮು, ಇರುತ್ತಿತ್ತು. ರೈತ ಅಲ್ಲಿಗೇ ತಂದು ಸುರಿಯಬೇಕು. ಅದರ ಮಾಲೀಕರು ಸಾಮಾನ್ಯವಾಗಿ ಮಿನಿಯಾಪೊಲಿಸ್‌ನ ಕಂಪನಿಗಳು. ಗೋಧಿಯ ದರ್ಜೆ ಗೊತ್ತು ಮಾಡುವವನು ಕೊಳ್ಳುವವನೇ. ಕಸ, ಕಡ್ಡಿ ಇದೆ ಅಂತ ತೂಕದಲ್ಲಿ ಕಳೆಯುವವನೂ ಅವನೇ. ಹಾಗೆ ಕಳೆದ ಕಾಳನ್ನು ಅವನು ಬೇರೆಯಾಗಿ ಮಾರಿ ದುಡ್ಡು ಮಾಡುತ್ತಿದ್ದ. ದೊಡ್ಡ ಗೋದಾಮುಗಳಿಗೆ ಒಂದನೇ ದರ್ಜೆಯದಾಗಿ ಬಂದ ಗೋಧಿಗಿಂತ ಒಂದನೇ ದರ್ಜೆಯದಾಗಿ ಹೊರಗೆ ಹೋದ ಗೋಧಿಯೇ ಹೆಚ್ಚಿತ್ತು! ಫಾರ್ಗೊದ ಕೃಷಿ ಕಾಲೇಜಿನ ರಸಾಯನಶಾಸ್ತ್ರಜ್ಞ ಎಡ್ವಿನ್ ಲ್ಯಾಡ್ ಇದಕ್ಕೆ ಪ್ರಯೋಗಾಲಯದ ಪುರಾವೆ ಕೊಟ್ಟರು. ಕೀಳು ದರ್ಜೆ ಅಂತ ಅಗ್ಗಕ್ಕೆ ಕೊಂಡ ಗೋಧಿಯಿಂದಲೂ ಒಳ್ಳೆಯ ಹಿಟ್ಟೇ ಬರುತ್ತದೆ ಅಂತ ಬೀಸಿ ತೋರಿಸಿದರು. ನಿಮ್ಮ ಮಗಳು ಓದುತ್ತಿರುವುದು ಫಾರ್ಗೊದ ನಾರ್ತ್ ಡಕೋಟಾ ಸ್ಟೇಟ್ ಯೂನಿವರ್ಸಿಟಿಯಲ್ಲಾದರೆ, ಆಗಿನ ಆ ಕೃಷಿ ಕಾಲೇಜೇ ಇವತ್ತಿನ ಆ ವಿಶ್ವವಿದ್ಯಾಲಯ. ಸಾಲದ ಬಡ್ಡಿ ನೂರಕ್ಕೆ ಎಂಟರಿಂದ ಹನ್ನೆರಡು. ಆ ದುಡ್ಡೂ ಕೊನೆಗೆ ಸೇರುತ್ತಿದ್ದದ್ದು ಮಿನಿಯಾಪೊಲಿಸ್‌ಗೇ.

ರೈತರು ಮೊದಲು ನೇರ ದಾರಿಯಲ್ಲೇ ಹೋದರು. ರಾಜ್ಯವೇ ಗೋದಾಮು ಕಟ್ಟಬಹುದು ಎಂಬ ತಿದ್ದುಪಡಿಗೆ 1912ರಲ್ಲಿ, ಮತ್ತೆ 1914ರಲ್ಲಿ ಮತ ಹಾಕಿ ಗೆಲ್ಲಿಸಿದರು. 1915ರಲ್ಲಿ ಶಾಸನಸಭೆ ಅದನ್ನು ತಳ್ಳಿಹಾಕಿತು. ಮನೆಗೆ ಹೋಗಿ ಹಂದಿಗಳಿಗೆ ಮುಸುರೆ ಹಾಕಿ ಅಂತ ಒಬ್ಬ ಶಾಸಕ ರೈತರಿಗೆ ಅಂದನಂತೆ. ನಾನು ಹಾಗೆ ಅಂದೇ ಇಲ್ಲ ಅಂತ ಆತ ಆಮೇಲೆ ಬಡಕೊಂಡ. ಅಂದಿರಲಿ, ಬಿಡಲಿ, ಮಾತು ಊರೂರಿಗೆ ಹಬ್ಬಿತು.

ಇಲ್ಲಿ ಬರುತ್ತಾನೆ ಆರ್ಥರ್ ಟೌನ್ಲಿ. ರಾಜ್ಯದ ಪಶ್ಚಿಮದ ತುದಿಯ ಬೀಚ್ ಎಂಬ ಊರಿನ ಹತ್ತಿರ ದೊಡ್ಡದಾಗಿ ಅಗಸೆ ಬೆಳೆದು, ದರ ಬಿದ್ದು ದಿವಾಳಿಯಾದವನು. ಆಮೇಲೆ ಸ್ವಲ್ಪ ಕಾಲ ಸೋಷಿಯಲಿಸ್ಟ್ ಪಕ್ಷದ ಸಂಘಟಕ. ರೈತರಿಗೆ ಆ ಪಕ್ಷದ ಕಾರ್ಯಕ್ರಮ ಹಿಡಿಸುತ್ತದೆ, ಹೆಸರು ಮಾತ್ರ ಆಗುವುದಿಲ್ಲ ಅಂತ ಅವನಿಗೆ ಗೊತ್ತಾಯಿತು. ಹಾಗಾಗಿ 1915ರಲ್ಲಿ ಹೊಸ ಪಕ್ಷ ಕಟ್ಟಲಿಲ್ಲ. ನಾನ್‌ಪಾರ್ಟಿಸನ್ ಲೀಗ್, ಅಂದರೆ ಯಾವ ಪಕ್ಷಕ್ಕೂ ಸೇರದ ಕೂಟ, ಎಂಬ ಸಂಘ ಕಟ್ಟಿದ. ಸಂಘಟಕರು ಫೋರ್ಡ್ ಕಂಪನಿಯ ಮಾಡೆಲ್ ಟಿ ಕಾರುಗಳಲ್ಲಿ ಮನೆಮನೆಗೆ ಹೋದರು. ಕೈಯಲ್ಲಿ ಕಾಸಿಲ್ಲದ ರೈತನಿಂದ ಸುಗ್ಗಿಯ ನಂತರದ ತಾರೀಖು ಹಾಕಿದ ಚೆಕ್ ಇಸಕೊಂಡರು. ಇದರಲ್ಲಿ ಜಾಣತನವಿತ್ತು. ಒಮ್ಮೆ ದುಡ್ಡು ಕೊಟ್ಟವನು ಸುಮ್ನೆ ಕೂರುವುದಿಲ್ಲ. ಎರಡು ವರ್ಷದೊಳಗೆ ಸದಸ್ಯರು ಸುಮಾರು 40,000. ಆಗ ಇಡೀ ರಾಜ್ಯದ ಜನಸಂಖ್ಯೆ ಆರು ಲಕ್ಷದ ಆಸುಪಾಸು.

ನಿಮ್ಮ ಒಗಟಿನ ಕೀಲಿ ಇರುವುದು ಇಲ್ಲೇ. ಪಕ್ಷದ ಅಭ್ಯರ್ಥಿಯನ್ನು ಮತದಾರರೇ ಆರಿಸುವ ಪ್ರೈಮರಿ ಚುನಾವಣೆ ಅಷ್ಟು ಹೊತ್ತಿಗೆ ಈ ರಾಜ್ಯದಲ್ಲಿ ಜಾರಿಗೆ ಬಂದಿತ್ತು. ಪ್ರೈಮರಿಯಲ್ಲಿ ಗೆದ್ದವನೇ ಪಕ್ಷ. ಹಾಗಿದ್ದ ಮೇಲೆ ಹೊಸ ಪಕ್ಷ ಯಾಕೆ? ಗೆಲ್ಲುವ ಪಕ್ಷದ ಪ್ರೈಮರಿಯಲ್ಲಿ ನಮ್ಮವರನ್ನು ನಿಲ್ಲಿಸಿ, ಆ ಪಕ್ಷವನ್ನೇ ಹಿಡಿದುಕೊಂಡರಾಯಿತು. ಗೆಲ್ಲುವ ಪಕ್ಷ ರಿಪಬ್ಲಿಕನ್. ಹೂಪಲ್ ಎಂಬ ಊರಿನ ರೈತ ಲಿನ್ ಫ್ರೇಜಿಯರ್ 1916ರಲ್ಲಿ ಲೀಗಿನ ಅಭ್ಯರ್ಥಿಯಾಗಿ ರಿಪಬ್ಲಿಕನ್ ಪ್ರೈಮರಿ ಗೆದ್ದರು. ಗವರ್ನರ್ ಚುನಾವಣೆಯಲ್ಲಿ ಅವರಿಗೆ ಬಿದ್ದದ್ದು ನೂರಕ್ಕೆ 79 ಓಟು. ಅಂದರೆ ಸರ್ಕಾರಿ ಬ್ಯಾಂಕು ಕಟ್ಟಿದವರು ಕಾಗದದ ಮೇಲೆ ರಿಪಬ್ಲಿಕನ್ನರೇ. ಅವರ ಬದ್ಧ ವಿರೋಧಿಗಳೂ ರಿಪಬ್ಲಿಕನ್ನರೇ. ಮುಂದಿನ ನಲವತ್ತು ವರ್ಷ ಈ ರಾಜ್ಯದ ನಿಜವಾದ ಚುನಾವಣೆ ಒಂದೇ ಪಕ್ಷದ ಒಳಗೆ ನಡೆಯಿತು.

1918ರಲ್ಲಿ ಶಾಸನಸಭೆಯ ಎರಡೂ ಮನೆಗಳು ಲೀಗಿನ ಕೈಗೆ ಬಂದವು. 1919ರ ಒಂದೇ ಅಧಿವೇಶನದಲ್ಲಿ ಅವರು ಮಾಡಿದ ಕೆಲಸ ನೋಡಿದರೆ ಆಶ್ಚರ್ಯವಾಗುತ್ತದೆ. ಬ್ಯಾಂಕು, ಗಿರಣಿ ಮತ್ತು ಗೋದಾಮು, ಆಲಿಕಲ್ಲು ಮಳೆಗೆ ಬೆಳೆ ವಿಮೆ, ಮನೆ ಕಟ್ಟಿಸಿಕೊಡುವ ಸಂಸ್ಥೆ, ಆದಾಯ ಹೆಚ್ಚಿದಂತೆ ಏರುವ ತೆರಿಗೆ, ಗಾಯಗೊಂಡ ಕಾರ್ಮಿಕರಿಗೆ ಪರಿಹಾರ. ಇವುಗಳ ಮೇಲೆ ಗವರ್ನರ್, ಅಟಾರ್ನಿ ಜನರಲ್, ಕೃಷಿ ಆಯುಕ್ತ ಈ ಮೂವರ ಇಂಡಸ್ಟ್ರಿಯಲ್ ಕಮಿಷನ್. ಮೂವರೂ ಚುನಾಯಿತರು. ಬ್ಯಾಂಕು ಜುಲೈ 28ರಂದು 20 ಲಕ್ಷ ಡಾಲರ್ ಬಂಡವಾಳದಲ್ಲಿ ಬಾಗಿಲು ತೆರೆಯಿತು. ಡ್ರೇಕ್ ಎಂಬ ಊರಿನಲ್ಲಿ ಸಣ್ಣದೊಂದು ಗಿರಣಿ ಕೊಂಡು ಅಭ್ಯಾಸ ಶುರು ಮಾಡಿದರು. ಈ ಉದ್ದಿಮೆಗಳೆಲ್ಲ ಸಂವಿಧಾನಕ್ಕೆ ವಿರುದ್ಧ ಅಂತ ಕೆಲವು ತೆರಿಗೆದಾರರು ಸುಪ್ರೀಂ ಕೋರ್ಟಿನವರೆಗೂ ಹೋದರು. ಗ್ರೀನ್ ವಿರುದ್ಧ ಫ್ರೇಜಿಯರ್ ಎಂಬ ಆ ಮೊಕದ್ದಮೆಯಲ್ಲಿ 1920ರಲ್ಲಿ ರಾಜ್ಯವೇ ಗೆದ್ದಿತು.

ಕೋರ್ಟಿನಲ್ಲಿ ಗೆದ್ದದ್ದು ಪೇಟೆಯಲ್ಲಿ ಸೋತಿತು. ಈ ಉದ್ದಿಮೆಗಳಿಗೆ ದುಡ್ಡು ಎತ್ತಲು ರಾಜ್ಯ ಹೊರಡಿಸಿದ ಬಾಂಡುಗಳನ್ನು, ಅಂದರೆ ಸಾಲಪತ್ರಗಳನ್ನು, ದೇಶದ ಪೂರ್ವದ ದೊಡ್ಡ ಬ್ಯಾಂಕುಗಳು ಕೊಳ್ಳಲಿಲ್ಲ. ಮೊದಲ ಮಹಾಯುದ್ಧದ ಕಾಲದಲ್ಲಿ, ಜನರನ್ನು ಸೇನೆಗೆ ಎಳೆಯುತ್ತೀರಿ, ಸಿರಿವಂತರ ಸಂಪತ್ತನ್ನೂ ಎಳೆಯಿರಿ ಅಂತ ಲೀಗ್ ಕೇಳಿತ್ತು. ಅದಕ್ಕೆ ದೇಶದ್ರೋಹದ ಹಣೆಪಟ್ಟಿ ಬಿತ್ತು. ಟೌನ್ಲಿಗೆ ಮಿನೆಸೋಟದ ಕೋರ್ಟು 90 ದಿನ ಜೈಲು ಹಾಕಿತು. 1920ರ ಕೊನೆಗೆ ಗೋಧಿಯ ದರವೂ ಕುಸಿಯಿತು. ಒಳಗಿನವರಲ್ಲೂ ಒಡಕು ಬಂತು. ಲೀಗಿನಿಂದಲೇ ಗೆದ್ದಿದ್ದ ಅಟಾರ್ನಿ ಜನರಲ್ ವಿಲಿಯಂ ಲ್ಯಾಂಗರ್ ಟೌನ್ಲಿಯ ಮೇಲೆ ತಿರುಗಿಬಿದ್ದ. ನನ್ನನ್ನು ಕೇಳಿದರೆ ಲೀಗಿನ ತಪ್ಪೂ ಕಡಿಮೆಯಿರಲಿಲ್ಲ. ಎಲ್ಲ ತೀರ್ಮಾನವೂ ಟೌನ್ಲಿ ಮತ್ತು ಅವನ ಸುತ್ತಲಿನ ನಾಲ್ಕು ಜನರದ್ದು. ಸದಸ್ಯರು ಚಂದಾ ಕೊಡುತ್ತಿದ್ದರು, ಲೆಕ್ಕ ಕೇಳುವ ದಾರಿ ಇರಲಿಲ್ಲ.

1921ರ ಅಕ್ಟೋಬರ್ 28ರಂದು ಮತದಾರರು ಫ್ರೇಜಿಯರ್ ಅವರನ್ನು ಅವಧಿ ಮುಗಿಯುವ ಮೊದಲೇ ಮನೆಗೆ ಕಳಿಸಿದರು. ಅಂತರ ಸುಮಾರು 4,000 ಓಟು. ಕಮಿಷನ್ನಿನ ಇನ್ನಿಬ್ಬರೂ ಹೋದರು. ಹೀಗೆ ಮತದಾರರು ಕೆಳಗಿಳಿಸಿದ ಅಮೆರಿಕದ ಮೊದಲ ಗವರ್ನರ್ ಅವರು. ಎರಡನೆಯವರು ಬಂದದ್ದು 2003ರಲ್ಲಿ, ಕ್ಯಾಲಿಫೋರ್ನಿಯಾದ ಗ್ರೇ ಡೇವಿಸ್. ಆದರೆ ಸ್ವಾರಸ್ಯ ಇರುವುದು ಅದೇ ದಿನದ ಇನ್ನೊಂದು ಫಲಿತಾಂಶದಲ್ಲಿ. ಬ್ಯಾಂಕನ್ನು ಮುಚ್ಚುವ ಪ್ರಸ್ತಾಪವೂ ಅವತ್ತು ಮತಕ್ಕೆ ಬಂದಿತ್ತು. ಅದನ್ನು ಜನ ಸೋಲಿಸಿದರು. ನಡೆಸುವವರು ಬೇಡ, ಬ್ಯಾಂಕು ಇರಲಿ ಅಂದರು. ಮರುವರ್ಷ ಅದೇ ಫ್ರೇಜಿಯರ್ ಅವರನ್ನು ವಾಷಿಂಗ್ಟನ್‌ಗೆ ಸೆನೆಟರ್ ಮಾಡಿ ಕಳಿಸಿದರು. 1941ರವರೆಗೂ ಅವರು ಅಲ್ಲಿದ್ದರು.

ಬ್ಯಾಂಕು ಬದುಕಿದ್ದು ಹೇಗೆ ಅಂತ ನೋಡಿದರೆ ಆ ಮತದಾನದಷ್ಟೇ ಮುಖ್ಯವಾದ ಇನ್ನೊಂದು ಕಾರಣವಿದೆ. ಲೀಗನ್ನು ಸೋಲಿಸಿ ಬಂದ ಗವರ್ನರ್ ನೆಸ್ಟೋಸ್ ಅದನ್ನು ಹುಷಾರಾಗಿ, ಸಣ್ಣದಾಗಿ ನಡೆಸಿದರು. ಊರಿನ ಖಾಸಗಿ ಬ್ಯಾಂಕುಗಳ ಜೊತೆ ಪೈಪೋಟಿಗೆ ಇಳಿಯಲಿಲ್ಲ. ಇವತ್ತಿಗೂ ಆ ಬ್ಯಾಂಕಿಗೆ ಊರೂರಿನಲ್ಲಿ ಶಾಖೆಗಳಿಲ್ಲ. ರಾಜ್ಯ ಸರ್ಕಾರದ ಹಣವೆಲ್ಲ ಅಲ್ಲಿ ಠೇವಣಿ. ಆ ಠೇವಣಿಗೆ ರಾಜ್ಯದ್ದೇ ಖಾತರಿ. ಊರಿನ ಬ್ಯಾಂಕು ಒಬ್ಬ ರೈತನಿಗೆ ದೊಡ್ಡ ಸಾಲ ಕೊಡಬೇಕು ಅಂದರೆ ಅರ್ಧ ನಾವು ಹಾಕುತ್ತೇವೆ ಅಂತ ಇದು ಜೊತೆಗೂಡುತ್ತದೆ. ಹಾಗಾಗಿ ಸಣ್ಣ ಬ್ಯಾಂಕಿನವರಿಗೆ ಇದು ಶತ್ರುವಲ್ಲ. ನ್ಯೂಯಾರ್ಕಿನ ದೊಡ್ಡ ಬ್ಯಾಂಕುಗಳು ತಮ್ಮನ್ನು ನುಂಗದಂತೆ ಕಾಯುವ ಆಸರೆ. ವಿರೋಧಿಸಬೇಕಾದವರೇ ಬೆಂಬಲಕ್ಕೆ ನಿಂತ ಮೇಲೆ ಮುಚ್ಚುವವರು ಯಾರು?

1930ರ ದಶಕವನ್ನು ಬಿಟ್ಟು ಈ ರಾಜ್ಯದ ಕಥೆ ಹೇಳಲಾಗದು. ಬರ ಮತ್ತು ಆರ್ಥಿಕ ಮಹಾಕುಸಿತ ಒಟ್ಟಿಗೇ ಬಂದವು. 1936 ಒಂದೇ ವರ್ಷದಲ್ಲಿ ಫೆಬ್ರವರಿಯಲ್ಲಿ ಸೊನ್ನೆಗಿಂತ 51 ಡಿಗ್ರಿ ಸೆಲ್ಸಿಯಸ್ ಕೆಳಗೆ, ಜುಲೈನಲ್ಲಿ 49 ಡಿಗ್ರಿ ಬಿಸಿಲು. ಕಂಪನಿಗಳು ಜಮೀನು ಕೊಳ್ಳಬಾರದು, ಬೇಸಾಯ ಮಾಡಬಾರದು ಎಂಬ ಕಾನೂನನ್ನು 1932ರಲ್ಲಿ ಮತದಾರರೇ ನೇರವಾಗಿ ಮಾಡಿಕೊಂಡರು. ಅದೇ ವರ್ಷ ಲ್ಯಾಂಗರ್ ಮತ್ತೆ ಲೀಗಿನ ಹೆಸರಲ್ಲೇ ಗವರ್ನರ್ ಆಗಿ ಗೆದ್ದ. ಸಾಲಕ್ಕೆ ಜಮೀನು ಹರಾಜು ಹಾಕುವುದನ್ನು 1933ರಲ್ಲಿ ನಿಲ್ಲಿಸಿದ. ಹರಾಜು ತಡೆಯಲು ರಾಜ್ಯದ ಸೇನೆಯನ್ನೇ ಬಳಸಿದ. ದರ ಏರುವವರೆಗೆ ಗೋಧಿ ರಾಜ್ಯದಿಂದ ಹೊರಗೆ ಹೋಗಬಾರದು ಅಂದ. ಕೋರ್ಟು ಕೆಲವೇ ತಿಂಗಳಲ್ಲಿ ಅದನ್ನು ತಳ್ಳಿಹಾಕಿತು. ಆದರೆ ಆ ಆಜ್ಞೆ ರೈತರ ಮನಸ್ಸಿನಲ್ಲಿ ಉಳಿಯಿತು.

ಇದೇ ಲ್ಯಾಂಗರ್ ಸರ್ಕಾರಿ ನೌಕರರ ಸಂಬಳದಲ್ಲಿ ನೂರಕ್ಕೆ ಐದನ್ನು ತನ್ನ ಪತ್ರಿಕೆಗೆ ಕೀಳುತ್ತಿದ್ದ. ಅವರಲ್ಲಿ ಕೆಲವರ ಸಂಬಳ ಕೇಂದ್ರದ ಪರಿಹಾರ ನಿಧಿಯದ್ದು. ಹಾಗಾಗಿ 1934ರಲ್ಲಿ ಶಿಕ್ಷೆಯಾಯಿತು. ರಾಜ್ಯದ ಸುಪ್ರೀಂ ಕೋರ್ಟು ಅವನನ್ನು ಹುದ್ದೆಯಿಂದ ತೆಗೆಯಿತು. ಆಗ ಆತ ಆಪ್ತರನ್ನು ಕೂಡಿಸಿಕೊಂಡು ನಾರ್ತ್ ಡಕೋಟಾ ಸ್ವತಂತ್ರ ಅಂತ ಘೋಷಣಾಪತ್ರಕ್ಕೆ ಸಹಿ ಹಾಕಿದ! ಅದು ನಡೆಯಲಿಲ್ಲ ಬಿಡಿ. ಅವನ ಜಾಗಕ್ಕೆ ಓಲ್ ಓಲ್ಸನ್. ಚುನಾವಣೆಯಲ್ಲಿ ಗೆದ್ದು ಬಂದವರು ಥಾಮಸ್ ಮೂಡಿ. ಅವರು ಕೆಲ ವರ್ಷಗಳ ಹಿಂದಷ್ಟೇ ಮಿನಿಯಾಪೊಲಿಸ್‌ನಲ್ಲಿ ಓಟು ಹಾಕಿದ್ದರು, ಇಲ್ಲಿನ ವಾಸದ ಅವಧಿ ಸಾಲದು ಅಂತ ಅವರೂ ಹೋದರು. ನೋಡಿ, ಆ ಊರಿನ ಹೆಸರು ಇಲ್ಲೂ ಬಂತು. ಆಮೇಲೆ ವಾಲ್ಟರ್ ವೆಲ್ಫರ್ಡ್. ಏಳು ತಿಂಗಳ ಒಳಗೆ ನಾಲ್ಕು ಗವರ್ನರ್‌ಗಳು. ಲ್ಯಾಂಗರ್ ಮರುವಿಚಾರಣೆಯಲ್ಲಿ ಬಿಡುಗಡೆಯಾಗಿ, 1936ರಲ್ಲಿ ಸ್ವತಂತ್ರವಾಗಿ ನಿಂತು ಮತ್ತೆ ಗವರ್ನರ್ ಆದ, ಆಮೇಲೆ ಸೆನೆಟರ್ ಆದ. ಪ್ರಾಮಾಣಿಕ ಅಂತ ಅವನನ್ನು ನಾನು ಕರೆಯಲಾರೆ. ಆದರೆ ಜಮೀನು ಉಳಿದ ರೈತನಿಗೆ ಅದು ದೊಡ್ಡ ವಿಷಯವಾಗಿ ಕಾಣಲಿಲ್ಲ ಅನ್ನುವುದು ಅರ್ಥವಾಗುತ್ತದೆ.

ಹೊರಗಿನವರ ಮೇಲಿನ ಈ ಅನುಮಾನ ವಿದೇಶಾಂಗ ನೀತಿಗೂ ಚಾಚಿತು. ಮೊದಲ ಮಹಾಯುದ್ಧದಲ್ಲಿ ಶಸ್ತ್ರಾಸ್ತ್ರ ಕಂಪನಿಗಳು ಮಾಡಿದ ಲಾಭವನ್ನು 1934ರಿಂದ ಕೆದಕಿದ ಸೆನೆಟ್ ಸಮಿತಿಯ ಮುಖ್ಯಸ್ಥ ಜೆರಾಲ್ಡ್ ನೈ ಈ ರಾಜ್ಯದವರೇ. 1945ರಲ್ಲಿ ವಿಶ್ವಸಂಸ್ಥೆಯ ಸನ್ನದಿನ ವಿರುದ್ಧ ಮತ ಹಾಕಿದ್ದು ಇಬ್ಬರೇ ಸೆನೆಟರುಗಳು. ಅವರಲ್ಲಿ ಲ್ಯಾಂಗರ್ ಒಬ್ಬ.

ಇಷ್ಟೆಲ್ಲ ನಮ್ಮವರು, ನಮ್ಮ ನೆಲ ಅಂತ ಹೇಳುವಾಗ ಆ ನೆಲದ ಮೊದಲ ಜನ ಎಲ್ಲಿದ್ದರು? ಮ್ಯಾಂಡನ್, ಹಿಡಾಟ್ಸ, ಅರಿಕಾರ ಜನ ಮಿಸ್ಸೂರಿ ನದಿಯ ದಂಡೆಯಲ್ಲಿ ಮೆಕ್ಕೆಜೋಳ ಬೆಳೆದು ಬದುಕುತ್ತಿದ್ದರು. 1837ರ ಸಿಡುಬು ಮ್ಯಾಂಡನ್ನರಲ್ಲಿ ಬೆರಳೆಣಿಕೆಯ ಜನರನ್ನಷ್ಟೇ ಉಳಿಸಿತು. ಒಪ್ಪಂದದಲ್ಲಿ ಒಪ್ಪಿಕೊಂಡಿದ್ದ ಭೂಮಿ ಸರ್ಕಾರದ ಆಜ್ಞೆಗಳಲ್ಲಿ ಕುಗ್ಗುತ್ತಾ ಬಂದು ಫೋರ್ಟ್ ಬರ್ಥೋಲ್ಡ್ ಮೀಸಲು ಪ್ರದೇಶವಾಯಿತು. 1940ರ ದಶಕದಲ್ಲಿ ಕೇಂದ್ರ ಸರ್ಕಾರ ಗ್ಯಾರಿಸನ್ ಅಣೆಕಟ್ಟು ತಂದಿತು. ಮೀಸಲು ಪ್ರದೇಶದ ಸುಮಾರು 1,52,000 ಎಕರೆ ಮುಳುಗಿತು. ಅದರಲ್ಲಿ ನದಿ ದಂಡೆಯ ಒಳ್ಳೆಯ ಹೊಲ, ಆಸ್ಪತ್ರೆ, ಎಲ್ಬೋವುಡ್ಸ್ ಎಂಬ ಊರು ಎಲ್ಲ ಸೇರಿತ್ತು. 1948ರಲ್ಲಿ ಭೂಮಿ ಬಿಟ್ಟುಕೊಡುವ ಪತ್ರಕ್ಕೆ ಸಹಿ ಬೀಳುವಾಗ ಬುಡಕಟ್ಟಿನ ಮುಖಂಡ ಜಾರ್ಜ್ ಗಿಲೆಟ್ ಮುಖ ಮುಚ್ಚಿಕೊಂಡು ಅಳುವ ಫೋಟೋ ಇದೆ. ಹರಾಜು ತಡೆಯಲು ಸೇನೆ ಕಳಿಸಿದ ರಾಜ್ಯದಲ್ಲಿ ಈ ಜಪ್ತಿಯನ್ನು ತಡೆಯಲು ಯಾರೂ ಬರಲಿಲ್ಲ. ಪರಿಹಾರ ಸಾಲದು ಅಂತ ಕೇಂದ್ರವೇ ಒಪ್ಪಿ ಇನ್ನೂ 14.9 ಕೋಟಿ ಡಾಲರ್ ಮಂಜೂರು ಮಾಡಿದ್ದು 1992ರಲ್ಲಿ. 2016ರಲ್ಲಿ ಸ್ಟ್ಯಾಂಡಿಂಗ್ ರಾಕ್ ಎಂಬ ಇನ್ನೊಂದು ಮೀಸಲು ಪ್ರದೇಶದ ಹತ್ತಿರ ತೈಲದ ಪೈಪ್‌ಲೈನ್ ವಿರುದ್ಧ ನಡೆದ ಚಳವಳಿ ದೇಶಕ್ಕೆಲ್ಲ ಹೊಸದಾಗಿ ಕಂಡಿರಬಹುದು. ನದಿಯ ನೀರಿನ ಆ ಜಗಳ ಅಲ್ಲಿ ಹಳೆಯದು.

ಇನ್ನು ಈಚಿನದ್ದು, ಬೇಗ ಹೇಳುತ್ತೇನೆ. 1956ರಲ್ಲಿ ಲೀಗ್ ರಿಪಬ್ಲಿಕನ್ ಪಕ್ಷ ಬಿಟ್ಟು ಡೆಮಾಕ್ರಟಿಕ್ ಪಕ್ಷದ ಜೊತೆ ಸೇರಿತು. ಇಂದಿಗೂ ಅಲ್ಲಿ ಆ ಪಕ್ಷದ ಹೆಸರು, ಲೀಗಿನ ಮೊದಲಕ್ಷರಗಳೂ ಸೇರಿ, ಡೆಮಾಕ್ರಟಿಕ್-ಎನ್‌ಪಿಎಲ್. 2010ರವರೆಗೂ ವಾಷಿಂಗ್ಟನ್‌ನ ಸಂಸತ್ತಿನಲ್ಲಿ ಈ ರಾಜ್ಯಕ್ಕಿರುವ ಮೂರೂ ಸ್ಥಾನ ಅವರದೇ ಆಗಿತ್ತು. ಈಗ ಒಂದೂ ಇಲ್ಲ. ಜನಸಂಖ್ಯೆ 1930ರಲ್ಲಿ 6,80,845 ಇದ್ದದ್ದು 2010ರಲ್ಲೂ ಅದಕ್ಕಿಂತ ಕಡಿಮೆ, 6,72,591. ಹಳ್ಳಿಗಳು ಖಾಲಿಯಾದಂತೆ ಲೀಗಿನ ಬೇರೂ ಒಣಗಿತು. ಆಮೇಲೆ ರಾಜ್ಯದ ಪಶ್ಚಿಮದ ಬಾಕನ್ ಪ್ರದೇಶದ ತೈಲ ಬಂದು 2020ಕ್ಕೆ ಜನಸಂಖ್ಯೆ 7,79,094 ಆಯಿತು. ತೈಲದ ಮೇಲೆ ನಿಗಾ ಇಡುವುದು ಯಾರು ಗೊತ್ತಾ? 1919ರಲ್ಲಿ ಲೀಗ್ ಕಟ್ಟಿದ ಅದೇ ಮೂವರ ಕಮಿಷನ್. ತೈಲ ತೆರಿಗೆಯ ನೂರಕ್ಕೆ 30 ಭಾಗವನ್ನು ಮುಂದಿನವರಿಗೆ ಎತ್ತಿಡಬೇಕು ಅಂತ 2010ರಲ್ಲಿ ಜನ ಮತ ಹಾಕಿ ನಿಧಿ ಮಾಡಿಕೊಂಡರು.

ಪಕ್ಷ ಬದಲಾದರೂ ಗೆರೆ ಅಳಿಸಿಲ್ಲ ಅನ್ನುವುದಕ್ಕೆ ಎರಡು ಉದಾಹರಣೆ ಸಾಕು. ಔಷಧದ ಅಂಗಡಿಯಲ್ಲಿ ಹೆಚ್ಚಿನ ಪಾಲು ಫಾರ್ಮಸಿಸ್ಟ್‌ಗಳದ್ದೇ ಆಗಿರಬೇಕು ಎಂಬ ಕಾನೂನು ಅಲ್ಲಿದೆ. ದೊಡ್ಡ ಅಂಗಡಿ ಸರಪಳಿಗಳಿಗೆ ಅದು ಅಡ್ಡಿ. ತೆಗೆಯೋಣ ಅಂತ 2014ರಲ್ಲಿ ಕೇಳಿದಾಗ ಮತದಾರರು ಬೇಡ ಅಂದರು. ಕಂಪನಿ ಬೇಸಾಯದ ನಿಷೇಧವನ್ನು ಹೈನು ಮತ್ತು ಹಂದಿ ಸಾಕಣೆಗೆ ಸಡಿಲಿಸಿ ಶಾಸನಸಭೆ ಕಾನೂನು ಮಾಡಿತ್ತು. 2016ರ ಜೂನ್‌ನಲ್ಲಿ ನಾಲ್ಕರಲ್ಲಿ ಮೂರು ಪಾಲು ಮತದಾರರು ಅದನ್ನು ಹೊಡೆದುಹಾಕಿದರು. ಅದೇ ವರ್ಷದ ನವೆಂಬರ್‌ನಲ್ಲಿ ಟ್ರಂಪ್‌ಗೆ ಭಾರಿ ಗೆಲುವು ಕೊಟ್ಟವರೂ ಇದೇ ಮತದಾರರು. 2023ರಲ್ಲಿ ಶಾಸನಸಭೆ ಮತ್ತೆ ಪಶುಸಾಕಣೆಗೆ ಒಂದಿಷ್ಟು ಸಡಿಲ ಕೊಟ್ಟಿದೆ.

ಬೇರೆ ರಾಜ್ಯಗಳು ಯಾಕೆ ಮಾಡಲಿಲ್ಲ ಅಂತ ಕೇಳಿದಿರಿ. 2008ರ ಬಿಕ್ಕಟ್ಟಿನಲ್ಲಿ ಈ ಬ್ಯಾಂಕು ಲಾಭದಲ್ಲೇ ಉಳಿದದ್ದು ನೋಡಿ ಹಲವು ರಾಜ್ಯಗಳು ಆಸಕ್ತಿ ತೋರಿಸಿದವು. ಕ್ಯಾಲಿಫೋರ್ನಿಯಾ 2019ರಲ್ಲಿ ನಗರಗಳೂ ಜಿಲ್ಲೆಗಳೂ ಇಂಥ ಬ್ಯಾಂಕು ತೆರೆಯಬಹುದು ಅಂತ ಕಾನೂನು ಮಾಡಿತು. ಆದರೆ ಬೇರೆ ಕಡೆ ಸರ್ಕಾರದ ಠೇವಣಿ ಈಗಾಗಲೇ ದೊಡ್ಡ ಬ್ಯಾಂಕುಗಳಲ್ಲಿದೆ. ಅದನ್ನು ಬಿಡಿಸಿಕೊಳ್ಳಲು ಹೊರಟರೆ ಮೊದಲ ದಿನದಿಂದಲೇ ಜಗಳ. ಬಂಡವಾಳಕ್ಕೆ ಬಜೆಟ್ಟಿನಲ್ಲಿ ದುಡ್ಡು ತೆಗೆಯಬೇಕು, ಲಾಭ ಬರಲು ವರ್ಷಗಳು ಬೇಕು, ಅಷ್ಟರಲ್ಲಿ ಇನ್ನೊಂದು ಚುನಾವಣೆ ಬಂದಿರುತ್ತದೆ. ನಾರ್ತ್ ಡಕೋಟಾದಲ್ಲಿ ಆ ಜಗಳವನ್ನು 1919ರಿಂದ 1921ರವರೆಗೆ ಆಡಿ ಮುಗಿಸಿದ್ದಾರೆ. ಅದಕ್ಕೆ ಅವರು ಒಂದು ಸರ್ಕಾರವನ್ನೇ ಕಳೆದುಕೊಂಡರು. ಮನೆಮನೆಗೆ ಹೋಗಿ ಸುಗ್ಗಿಯ ಚೆಕ್ ಇಸಕೊಂಡು 40,000 ಜನರನ್ನು ಮೊದಲು ಕಟ್ಟಿ, ಆಮೇಲೆ ಬ್ಯಾಂಕಿನ ಮಾತಾಡಿದ ಇನ್ನೊಂದು ರಾಜ್ಯ ನನಗೆ ಕಂಡಿಲ್ಲ.